ಸೋರಿಕೆ ನಿಂತ ದಿನ

ಹಿಂದೆ ಕುಳಿತ ತಾಯಂದಿರು ಪದೇಪದೇ ಬಾಗಿಲ ಕಡೆ ನೋಡುತ್ತಿದ್ದೀರಿ. ಯಾಕೆಂದು ಎಲ್ಲರಿಗೂ ಗೊತ್ತು. ಇವತ್ತು ನೀರಿನ ದಿನ. ಮೈ ಮಠದಲ್ಲಿದೆ, ಕಿವಿ ಮನೆಯ ನಳದ ಬುಡದಲ್ಲಿದೆ. ಇರಲಿ, ಕಿವಿ ಅಲ್ಲೇ ಇರಲಿ. ಇವತ್ತಿನ ಪ್ರವಚನವೂ ಆ ನಳದ್ದೇ.

ಒಂದು ಮಾತನ್ನು ನಾವು ಎಲ್ಲೆಲ್ಲಿ ಆಡುತ್ತೇವೆ ನೋಡಿ. ಪ್ರೆಷರ್ ಇಲ್ಲ. ನಳ ತಿರುಗಿಸಿದಾಗ ನೀರು ನೂಲಿನ ಎಳೆಯಾಗಿ ಇಳಿದರೆ, ಪ್ರೆಷರ್ ಇಲ್ಲ. ಸೈಕಲ್ ಅಂಗಡಿಯವನು ಗಾಲಿಯನ್ನು ಹೆಬ್ಬೆರಳಿನಿಂದ ಒತ್ತಿ ನೋಡಿ ಅದನ್ನೇ ಹೇಳುತ್ತಾನೆ. ಕುಕ್ಕರ್ ಸೀಟಿ ಹೊಡೆಯದಿದ್ದರೆ ರಬ್ಬರು ಸಡಿಲಾಗಿದೆ, ಪ್ರೆಷರ್ ನಿಲ್ಲುತ್ತಿಲ್ಲ ಎನ್ನುತ್ತೀರಿ. ಡಾಕ್ಟರು ತೋಳಿಗೆ ಪಟ್ಟಿ ಸುತ್ತಿ, ರಬ್ಬರ್ ಚೆಂಡನ್ನು ಅಮುಕಿ, ಪ್ರೆಷರ್ ಲೋ ಇದೆ ಎನ್ನುತ್ತಾರೆ. ಸಮುದ್ರದ ಮೇಲೆ ವಾಯುಭಾರ ಕುಸಿದಿದೆ ಎಂದು ರೇಡಿಯೋ ಹೇಳುತ್ತದೆ. ಗಾಲಿ ಬೇರೆ, ನಳ ಬೇರೆ, ನಾಡಿ ಬೇರೆ, ಸಮುದ್ರ ಬೇರೆ. ಕೊರತೆ ಒಂದೇ. ಒಳಗೆ ಎಷ್ಟು ಒತ್ತಡ ಇರಬೇಕೋ ಅಷ್ಟು ಇಲ್ಲ. ಕಡಿಮೆ.

ಕಡಿಮೆ ಸರಿ. ಯಾವುದಕ್ಕಿಂತ ಕಡಿಮೆ?

ಈ ಪ್ರಶ್ನೆಯನ್ನು ಯಾರೂ ಕೇಳುವುದಿಲ್ಲ. ಒಳಗೆ ಒಂದು ಒತ್ತಡ ಇದ್ದರೆ ಹೊರಗೆ ಇನ್ನೊಂದು ಇದ್ದೇ ಇರುತ್ತದೆ. ಹೊರಗಿನದು ಯಾವಾಗಲೂ ಕಾಯುತ್ತಿರುತ್ತದೆ. ಒಳಗೆ ಬಿಗಿ ಇರುವವರೆಗೆ ಅದು ಹೊರಗೆ ನಿಲ್ಲುತ್ತದೆ. ಒಳಗೆ ಕಡಿಮೆಯಾದಾಗ ಏನು ಮಾಡುತ್ತದೆ? ಈಗಲೇ ಹೇಳುವುದು ಬೇಡ. ಕಥೆ ಕೇಳಿ.

ಏರು ಓಣಿಯೊಂದರ ತುದಿಯಲ್ಲಿ ಒಬ್ಬ ಸಾವುಕಾರನ ಮನೆ ಇತ್ತು. ಯಾವ ಊರು? ಎಂಟು ದಿನಕ್ಕೊಮ್ಮೆ ನಳದಲ್ಲಿ ನೀರು ಬರುವ ಊರು. ಹೆಸರು? ಹೆಸರು ಬೇಡ. ಹೆಸರು ಹೇಳಿದರೆ ಅವನು ಯಾರೋ ಬೇರೆಯವನು ಎಂದುಕೊಂಡು ನೀವು ಗೋಡೆಗೆ ಒರಗಿ ಕೂತುಬಿಡುತ್ತೀರಿ.

ಸಾವುಕಾರ ಒಳ್ಳೆಯ ಮನುಷ್ಯ. ಇದನ್ನು ಮೊದಲೇ ತಿಳಿದುಕೊಂಡಿರಿ. ಪೇಟೆಯಲ್ಲಿ ಬಟ್ಟೆ ಅಂಗಡಿ, ಮನೆಯಲ್ಲಿ ಹೆಂಡತಿ, ಒಬ್ಬಳೇ ಮಗಳು. ಯಾರ ಮನೆಯ ಸಾವಿಗೂ ತಪ್ಪಿಸಿಕೊಳ್ಳದವನು. ಒಂದೇ ಒಂದು ಗುಣ, ಕೂತಲ್ಲಿ ಕೂರುವವನಲ್ಲ. ಅನ್ನಕ್ಕೆ ಕಾಯಲಾರ, ಬಸ್ಸಿಗೆ ಕಾಯಲಾರ, ನೀರಿಗಂತೂ ಕಾಯಲಾರ.

ಆ ಓಣಿಗೆ ನೀರಿನ ಪೈಪು ಕೆಳಗಿನ ರಸ್ತೆಯಿಂದ ಏರುತ್ತಿತ್ತು. ಕೆಳಗಿನ ಮನೆಗೆ ನೀರು ಮೊದಲು ಮುಟ್ಟುತ್ತದೆ, ತುದಿಯ ಮನೆಗೆ ಕಡೆಗೆ. ಓಣಿಯ ಬಾಯಿಯಲ್ಲಿದ್ದ ಮೊದಲ ಮನೆ ಒಬ್ಬ ಹೆಣ್ಣುಮಗಳದು. ಗಂಡ ತೀರಿಕೊಂಡಿದ್ದ. ಸಣ್ಣ ವಯಸ್ಸು, ಮಾತು ಕಡಿಮೆ. ಅವಳ ನಳ ಗಾಳಿ ಕೆಮ್ಮಿ ನೀರು ಉಗುಳಿದ ಕೂಡಲೇ ಅವಳು ಕುಡಿಯುವುದಕ್ಕೆ ಒಂದು ಕೊಡ ಹಿಡಿದು, ನಳ ಬಂದ್ ಮಾಡಿ, ಹೊಸ್ತಿಲಿನ ಹೊರಗೆ ಬಂದು ಕಂಚಿನ ತಾಟನ್ನು ಸೌಟಿನಿಂದ ಬಾರಿಸುತ್ತಿದ್ದಳು. ತಾಟಿನ ಸಪ್ಪಳಕ್ಕೆ ನೀರು ಬಂತು ಎಂದಷ್ಟೇ ಅರ್ಥವಲ್ಲ. ಒಂದೊಂದು ಕೊಡ ಹಿಡಿದು ನಳ ಬಂದ್ ಮಾಡಿ ಎಂದು ಅರ್ಥ. ಎಲ್ಲ ಮನೆಯವರೂ ಬಂದ್ ಮಾಡುವರು. ಆಗ ಪೈಪಿನೊಳಗೆ ನೀರು ಬಿಗಿದುಕೊಂಡು ಏರು ಹತ್ತುವುದು. ಮೊದಲು ತುದಿಯ ಮನೆ ತುಂಬಿಕೊಳ್ಳಬೇಕು. ಆಮೇಲೆ ಅದರ ಕೆಳಗಿನದು. ಆಮೇಲೆ ಅದರ ಕೆಳಗಿನದು. ಎಲ್ಲರಿಗಿಂತ ಮೊದಲು ನೀರು ಕಂಡವಳು ಎಲ್ಲರಿಗಿಂತ ಕಡೆಗೆ ತುಂಬಿಕೊಳ್ಳುವಳು. ಇದಕ್ಕೆ ಪಾಳಿ ಎಂದು ಹೆಸರು. ಯಾರು ಮಾಡಿದ್ದು, ಯಾವಾಗ ಮಾಡಿದ್ದು, ಯಾರಿಗೂ ನೆನಪಿರಲಿಲ್ಲ.

ಓಣಿಯ ನಡುವೆ ಒಬ್ಬ ಅಜ್ಜನ ಮನೆ. ಮದುವೆಯ ಬ್ಯಾಂಡಿನಲ್ಲಿ ತುತ್ತೂರಿ ಊದಿ ಊದಿ ಎದೆ ಸವೆಸಿಕೊಂಡ ಅಜ್ಜ. ಮನೆಯ ಮುಂದಿನ ಕಟ್ಟೆಯ ಮೇಲೆ ಕೂತು ಹೋಗಿಬರುವವರನ್ನು ಮಾತಾಡಿಸುವುದೇ ಕೆಲಸ. ಆ ಕಟ್ಟೆಯ ಮುಂದೆ ಗಟಾರ, ಗಟಾರದೊಳಗೇ ನೀರಿನ ಪೈಪು. ನಗಬೇಡಿ, ನಿಮ್ಮ ಓಣಿಯಲ್ಲಿ ಎಲ್ಲಿದೆ ಎಂದು ನೋಡಿದ್ದೀರಾ? ಅಲ್ಲಿ ಪೈಪಿನ ಒಂದು ಜೋಡಣೆ ಸಡಿಲಾಗಿ, ನೀರಿನ ದಿನ ಸಣ್ಣಗೆ ಚಿಮ್ಮುತ್ತಿತ್ತು. ಚಿಮ್ಮಿದ ನೀರು ಕಟ್ಟೆಯ ಕಲ್ಲಿನ ಸಂದಿಗೆ ಹೋಗಿ ಅಲ್ಲೊಂದು ಪುದೀನಾ ಮಡಿ ಬೆಳೆದಿತ್ತು. ಅಜ್ಜ ಹಚ್ಚಿದ್ದಲ್ಲ, ತಾನೇ ಹಬ್ಬಿದ್ದು. ಓಣಿಯ ಹೆಂಗಸರೆಲ್ಲ ಚಟ್ನಿಗೆ ಅಲ್ಲಿಂದಲೇ ಚಿವುಟಿಕೊಂಡು ಹೋಗುವರು.

ಸಾವುಕಾರನಿಗೆ ಆ ಸೋರಿಕೆ ಕಂಡರೆ ಆಗುತ್ತಿರಲಿಲ್ಲ. ಅಂಗಡಿಗೆ ಹೋಗುವಾಗೊಮ್ಮೆ, ಬರುವಾಗೊಮ್ಮೆ ನಿಂತು ನೋಡುವನು.

"ಇಲ್ಲಿ ಹಿಂಗ ಸೋರಿದ್ರ ನಮ್ಮನಿ ತನಾ ಏನ್ ಏರ್ತೈತಿ, ಅಜ್ಜಾ? ನಮ್ಮ ನಳಕ್ಕ ಫೋರ್ಸೇ ಇಲ್ಲ."

"ನನಗೂ ನಿಮ್ಮ ನಳಕ್ಕೂ ಒಂದ ಬ್ಯಾನಿ, ಸಾವ್ಕಾರ್ರ. ನಾನೂ ಊದಾಕ ಹೋದ್ರ ಬರೇ ಗಾಳಿ ಬರ್ತೈತಿ."

ಮಗಳು ಚೊಚ್ಚಲ ಹೆರಿಗೆಗೆ ತವರಿಗೆ ಬಂದಳು. ಬಾಣಂತನದ ಮನೆಗೆ ಎಷ್ಟು ನೀರು ಬೇಕು, ತಾಯಂದಿರೇ, ನಿಮಗೆ ಹೇಳಬೇಕಾಗಿಲ್ಲ. ಸಾವುಕಾರನಿಗೆ ದಿನಾ ಅದೇ ಚಿಂತೆ. ನೀರಿನ ದಿನ ಬೆಳಿಗ್ಗೆ ಎದ್ದವನೇ ನಳಕ್ಕೆ ಕಿವಿ ಹಚ್ಚುವನು. ಬಾಗಿಲಿಗೆ ಹೋಗಿ ಓಣಿ ಇಣುಕುವನು. ಮತ್ತೆ ಬಂದು ಕಿವಿ ಹಚ್ಚುವನು. ಒಂದು ದಿನ ತಾಟಿನ ಸಪ್ಪಳ ಕೇಳಿಸಿತು. ಆದರೂ ನೀರು ಏರಲಿಲ್ಲ. ಕೆಳಗೆ ಯಾರೋ ಒಂದು ಕೊಡ ಜಾಸ್ತಿ ಹಿಡಿಯುತ್ತಿದ್ದಾರೆ. ಯಾರು? ಯಾಕೆ? ನಾನಿಲ್ಲಿ ಕಿವಿ ಹಚ್ಚಿ ನಿಂತಿದ್ದೇನೆ, ಅವರು ಅಲ್ಲಿ ಮನಸ್ಸು ಮಾಡಬೇಕು. ಇಷ್ಟು ದೊಡ್ಡ ಮನೆ ಕಟ್ಟಿ, ಕೆಳಗಿನವರು ನಳ ಬಂದ್ ಮಾಡಿದರೆ ನನಗೆ ನೀರು, ಇಲ್ಲದಿದ್ದರೆ ಇಲ್ಲ. ಇದು ಒಂದು ಬಾಳೇ?

ಇಲ್ಲಿ ಸ್ವಲ್ಪ ನಿಲ್ಲಿ. ಅವನು ತಿಳಿದದ್ದು ನಿಜವೋ ಸುಳ್ಳೋ? ನಿಜ. ಪೂರ್ತಿ ನಿಜ. ಇಷ್ಟು ವರ್ಷ ಅವನ ಮನೆಗೆ ನೀರು ಏರಿದ್ದು ಕೆಳಗಿನವರು ನಳ ಬಂದ್ ಮಾಡಿ ಕೈ ತಡೆದಿದ್ದರಿಂದಲೇ. ಅದನ್ನು ತಿಳಿದ ದಿನ ಕೆಳಗಿಳಿದು ಹೋಗಿ ಅವರಿಗೆ ಕೈ ಮುಗಿಯಬಹುದಿತ್ತು. ಅವನು ಪೇಟೆಗೆ ಹೋಗಿ ಮೋಟರ್ ತಂದ.

ಟಾಕಿಗೆ ನೀರು ಏರಿಸುವ ಮೋಟರಲ್ಲ. ಬೀದಿಯ ಪೈಪಿಗೇ ಬಾಯಿ ಹಚ್ಚಿ ಎಳೆಯುವ ಮೋಟರು. ಮುಂದಿನ ನೀರಿನ ದಿನ ಗುಂಡಿ ಒತ್ತಿದ. ಮನೆಯ ಮೇಲಿನ ಟಾಕಿಗೆ ನೀರು ಗದ್ದಲ ಮಾಡಿಕೊಂಡು ಬಿತ್ತು. ಸಾವುಕಾರ ಏಣಿ ಹತ್ತಿ ನೋಡಿದ. ಮಗಳನ್ನು ಕರೆದು ಆ ಸಪ್ಪಳ ಕೇಳಿಸಿದ. ಎಷ್ಟೋ ದಿನದ ಮೇಲೆ ಅವನು ಕೂತು ಚಹಾ ಕುಡಿದ.

ಕೆಳಗೆ ಆ ಹೆಣ್ಣುಮಗಳು ನಳ ತಿರುಗಿಸಿದಳು. ನೀರು ಬರಲಿಲ್ಲ. ಬೆರಳು ಹಿಡಿದು ನೋಡಿದಳು. ನಳ ಗಾಳಿಯನ್ನು ಉಸ್ ಎಂದು ಒಳಗೆ ಎಳೆದುಕೊಳ್ಳುತ್ತಿತ್ತು. ಅವಳು ತಾಟು ಹಿಡಿದುಕೊಂಡು ಹೊಸ್ತಿಲಲ್ಲಿ ಸ್ವಲ್ಪ ಹೊತ್ತು ನಿಂತಳು. ಏನೆಂದು ಬಾರಿಸುವುದು? ಒಳಗೆ ಹೋಗಿ ತಾಟನ್ನು ಗೋಡೆಗೆ ಒರಗಿಸಿ ಇಟ್ಟಳು.

ಆಮೇಲಿನದು ನಿಮಗೆ ಗೊತ್ತೇ ಇದೆ. ಓಣಿಯವರು ಒಬ್ಬೊಬ್ಬರಾಗಿ ಮೋಟರ್ ನೋಡಲು ಬಂದರು. ಯಾರೂ ಜಗಳ ಆಡಲಿಲ್ಲ. "ಚಲೋ ಐತ್ರಿ. ಎಲ್ಲಿ ತಂದ್ರಿ?" ಎಂದು ಕೇಳಿಕೊಂಡು ಹೋದರು. ಎರಡು ನೀರಿನ ದಿನ ಕಳೆಯುವುದರೊಳಗೆ ಪಕ್ಕದ ಮನೆಗೆ ಮೋಟರ್ ಬಂತು. ಎದುರಿನ ಮನೆಗೆ ಬಂತು. ಒಬ್ಬರು ಎಳೆದರೆ ಇನ್ನೊಬ್ಬರಿಗೆ ಇಲ್ಲ, ಅದಕ್ಕೆ ಇನ್ನೊಬ್ಬರದು ಸ್ವಲ್ಪ ದೊಡ್ಡದು. ಸಾವುಕಾರನೂ ಮತ್ತೊಂದು ತಂದ, ಮೊದಲಿನದಕ್ಕಿಂತ ದೊಡ್ಡದು. ಬೀದಿಗೆ ಬರುವ ನೀರು ಮೊದಲಿನಷ್ಟೇ. ಎಳೆಯುವ ಬಾಯಿ ಎಷ್ಟಾದವು? ನೀರಿನ ದಿನ ಎಂದರೆ ಓಣಿಯ ತುಂಬ ಜೀರುಂಡೆ ಕೂಗಿದಂತೆ ಮೋಟರುಗಳ ಕೂಗು. ತಾಟು ಬಾರಿಸಿದ್ದರೂ ಯಾರಿಗೆ ಕೇಳಬೇಕು?

ಮೋಟರಿಲ್ಲದೆ ಉಳಿದವರು ಇಬ್ಬರು. ಕೆಳಗಿನ ಹೆಣ್ಣುಮಗಳು, ನಡುವಿನ ಅಜ್ಜ. ಅವಳು ರಸ್ತೆ ದಾಟಿ ಹೋಗಿ ಬೋರಿನ ನೀರು ಹೊತ್ತಳು. ಅಜ್ಜನಿಗೆ ಹೊರುವ ಶಕ್ತಿ ಇರಲಿಲ್ಲ. ಸಾವುಕಾರ ಅದನ್ನು ಕಂಡ. ಹೇಳಿದೆನಲ್ಲ, ಒಳ್ಳೆಯ ಮನುಷ್ಯ. ಮರುದಿನದಿಂದ ಅವನ ಮನೆಯ ಆಳು ದಿನಾ ಬೆಳಿಗ್ಗೆ ಅಜ್ಜನ ಹೊಸ್ತಿಲಿಗೆ ಒಂದು ಕೊಡ ನೀರು ಇಟ್ಟು ಬರಲು ಶುರುಮಾಡಿದ.

"ನನ್ನ ನಳದಾಗಿನ ನೀರ ನನಗ ದಾನ ಬಂದೈತಿ," ಎಂದ ಅಜ್ಜ. "ನಿಮ್ಮ ಪುಣ್ಯ ದೊಡ್ಡದೋ, ನಂದೋ?"

ಸಾವುಕಾರ ನಕ್ಕುಬಿಟ್ಟ. ಅಜ್ಜನ ಬಾಯಿ ಯಾವಾಗಲೂ ಹಾಗೆಯೇ.

ಮಗಳಿಗೆ ಹೆಣ್ಣು ಕೂಸು ಹುಟ್ಟಿತು. ತೊಟ್ಟಿಲಿಗೆ ಹಾಕಿ ಹೆಸರಿಟ್ಟರು. ಅದರ ಮುಂದಿನ ನೀರಿನ ದಿನ ಸಾವುಕಾರ ಪೇಡೆಯ ಡಬ್ಬಿ ಹಿಡಿದು ಅಜ್ಜನ ಕಟ್ಟೆಯ ಮುಂದೆ ಬಂದವನು ಹಾಗೇ ನಿಂತ. ಮೋಟರುಗಳು ಕೂಗುತ್ತಿವೆ, ಪೈಪಿನಲ್ಲಿ ನೀರಿದೆ. ಆದರೂ ಗಟಾರದ ಜೋಡಣೆಯಲ್ಲಿ ನೀರು ಚಿಮ್ಮುತ್ತಿಲ್ಲ. ಬಗ್ಗಿ ನೋಡಿದ. ಒಂದು ಹನಿಯೂ ಇಲ್ಲ.

"ನೋಡು ಅಜ್ಜಾ, ಸೋರೂದು ನಿಂತೈತಿ. ಮೊಮ್ಮಗಳ ಕಾಲ್ಗುಣ."

"ಪುದೀನಾನೂ ನಿಂತೈತಿ," ಎಂದ ಅಜ್ಜ, ಒಣಗಿದ ಕಡ್ಡಿಗಳನ್ನು ತೋರಿಸಿ.

"ಪುದೀನಾ ಪ್ಯಾಟ್ಯಾಗ ಸಿಗ್ತೈತಿ ಬಿಡು."

ಓಣಿಗೆ ಓಣಿಯೇ ಹಿಗ್ಗಿತು. ಇಷ್ಟು ವರ್ಷ ಯಾರಿಂದಲೂ ರಿಪೇರಿ ಆಗದ ಸೋರಿಕೆ ತಾನಾಗಿ ನಿಂತುಹೋಯಿತು. ಸುಣ್ಣ ಕಟ್ಟಿಕೊಂಡು ಮುಚ್ಚಿರಬೇಕು ಎಂದರು. ದೇವರು ಕಣ್ಣು ಬಿಟ್ಟ ಎಂದರು. ಈಗ ನೋಡಿ, ನಮ್ಮ ನೀರು ಒಂದು ಹನಿಯೂ ಬೀದಿಗೆ ಹೋಗುವುದಿಲ್ಲ ಎಂದರು.

ನಮ್ಮ ನೀರು ಒಂದು ಹನಿಯೂ ಬೀದಿಗೆ ಹೋಗುವುದಿಲ್ಲ. ಈ ಮಾತನ್ನು ಕಿವಿಯಲ್ಲಿ ಇಟ್ಟುಕೊಂಡಿರಿ.

ಬಾಣಂತಿಯ ಕೋಣೆ ಹೇಗಿರುತ್ತದೆ? ಹೊರಸಿನ ಕೆಳಗೆ ಕೆಂಡ, ಮುಚ್ಚಿದ ಕಿಟಕಿ, ತಲೆಗೆ ಕಿವಿ ಮುಚ್ಚಿ ಕಟ್ಟಿದ ಬಟ್ಟೆ. ಕುಡಿಯುವುದಕ್ಕೆ ಓಮಿನ ಕಾಳು ಹಾಕಿ ಕುದಿಸಿದ ನೀರು, ಅದೂ ಅಳತೆಯಲ್ಲಿ. ಸಾವುಕಾರನ ಹೆಂಡತಿ ಈ ವಿಷಯದಲ್ಲಿ ಬಹಳ ಬಿಗಿ. ಒಂದು ಮಧ್ಯಾಹ್ನ ಅವಳು ಯಾರದೋ ಮನೆಗೆ ಉಡಿ ತುಂಬಲು ಹೋಗಿದ್ದಳು. ಮಗಳು ಒಳಗಿನಿಂದ ಕರೆದಳು.

"ಯಪ್ಪಾ, ಒಂದ ಗುಟುಕು ತಣ್ಣೀರು ಕೊಡೋ."

"ನಿಮ್ಮವ್ವ ಕೊಲ್ತಾಳ ನನ್ನ."

"ಅವ್ವಗ ಯಾರ ಹೇಳ್ತಾರ? ನಾಲಿಗಿ ಹುರದಂಗಾಗೇತಿ. ಒಂದ ಗುಟುಕು."

ಸಾವುಕಾರ ಪಡಸಾಲೆಯಲ್ಲಿ ಅತ್ತ ಹೋದ, ಇತ್ತ ಬಂದ. ಕೊಡಬಾರದು. ಹಿರಿಯರು ಮಾಡಿದ್ದು. ಮತ್ತೆ ಅತ್ತ ಹೋದ. ಎಂಥ ಹಿರಿಯರು, ಈ ಬೇಸಿಗೆಯಲ್ಲಿ ಕೂಸನ್ನು ಹೆತ್ತವಳಿಗೆ ಒಂದು ಗುಟುಕು ನೀರಿಲ್ಲವೇ? ನೀರಿಗಾಗಿಯೇ ಅಲ್ಲವೇ ಇಷ್ಟೆಲ್ಲ ಮಾಡಿದ್ದು? ಟಾಕಿಯ ನೀರು ತುಂಬಿಟ್ಟ ಮಣ್ಣಿನ ಹರವಿಯಿಂದ ತಾಮ್ರದ ತಂಬಿಗೆಯಲ್ಲಿ ಮೊಗೆದ. ಅವಳ ತಲೆಗೆ ಕೈ ಕೊಟ್ಟು ಎಬ್ಬಿಸಿ ಕುಡಿಸಿದ. ಮಗಳು ಕಣ್ಣು ಮುಚ್ಚಿಕೊಂಡು ಕುಡಿದಳು. ಗುಟುಕು ಹೋಗಿ ತಂಬಿಗೆಯೇ ಖಾಲಿ ಆಯಿತು.

"ದೇವರಂಥಾ ನೀರು," ಎಂದಳು.

ಅವನ ಕಣ್ಣು ತುಂಬಿ ಬಂತು. ಮರುದಿನವೂ ಹೆಂಡತಿ ಮಲಗಿದಾಗ ಕದ್ದು ಒಂದು ತಂಬಿಗೆ ಕೊಟ್ಟ. ಅದರ ಮರುದಿನವೂ.

ಬಳಿಕ ಮಗಳಿಗೆ ವಾಂತಿ ಹಿಡಿಯಿತು, ಭೇದಿ ಹಿಡಿಯಿತು. ಬೆಳಗಾಗುವುದರೊಳಗೆ ಕಣ್ಣು ಒಳಗೆ ಹೋಗಿದ್ದವು. ದವಾಖಾನೆಗೆ ಹೊತ್ತರು. ಡಾಕ್ಟರಮ್ಮ ತೋಳಿಗೆ ಪಟ್ಟಿ ಕಟ್ಟಿ ನೋಡಿದಳು. ಬಿಚ್ಚಿ, ಮತ್ತೆ ಕಟ್ಟಿ ನೋಡಿದಳು.

"ಪ್ರೆಷರ್ ಬಹಳ ಕೆಳಗ ಹೋಗೇತಿ."

"ಹಂಗಂದ್ರ ಏನ್ರಿ?" ಎಂದು ಕೇಳಿದ ಸಾವುಕಾರ.

"ಮೈಯಾಗಿನ ನೀರೆಲ್ಲಾ ಹೋಗೇತ್ರಿ. ನರದಾಗ ತುಂಬಿರಬೇಕಾದ್ದು ಕಡಿಮಿ ಆಗೇತಿ. ರಕ್ತ ದೂಡಿದ್ರೂ ಕೈಕಾಲಿಗೆ ಮುಟ್ಟವಲ್ದು. ಸಲೈನ್ ಹಚ್ಚೀವಿ. ಪ್ರೆಷರ್ ಏರಬೇಕು. ಏರದಿದ್ರ ಕಷ್ಟ. ಏನ್ ಕುಡದಾಳ ಈಕಿ?"

ಹೆಂಡತಿ ಮುಂದೆ ಬಂದಳು. "ಬಾಣಂತಿರೀ ಬಾಯಾರ, ಕುದಿಸಿದ ನೀರು ಬಿಟ್ಟು ಬ್ಯಾರೆ ಹನಿ ಮುಟ್ಟಿಸಿಲ್ಲ ನಾ."

ಸಾವುಕಾರ ಗೋಡೆ ನೋಡಿದ. ನೆಲ ನೋಡಿದ. "ನಾ ಕೊಟ್ಟೀನಿ," ಎಂದ. "ಹರವ್ಯಾಗಿನ ತಣ್ಣೀರು."

ಹೆಂಡತಿ ಅವನಿಗೆ ಬೆನ್ನು ತಿರುಗಿಸಿದಳು. ಕೂಸನ್ನು ಎತ್ತಿಕೊಂಡು ಆಚೆ ಬೆಂಚಿಗೆ ಹೋಗಿ ಕೂತಳು.

"ನಿಮ್ಮ ಓಣಿಯಿಂದ ಇನ್ನೂ ಮಂದಿ ಬರಾಕ ಹತ್ಯಾರ," ಎಂದಳು ಡಾಕ್ಟರಮ್ಮ. ಹೌದು, ಹೊರಗಿನ ಬೆಂಚಿನ ಮೇಲೆ ತುತ್ತೂರಿಯ ಅಜ್ಜನೂ ಗೋಡೆಗೆ ತಲೆ ಆನಿಸಿ ಕೂತಿದ್ದ. ಸಾವುಕಾರ ಔಷಧದ ಚೀಟಿ ಹಿಡಿದು ಓಡುವಾಗ ಅಜ್ಜ ಕೈ ಎತ್ತಿ ಏನೋ ಹೇಳಹೋದ. "ಬಂದ್ನಿ ಅಜ್ಜಾ," ಎನ್ನುತ್ತಾ ಸಾವುಕಾರ ಓಡಿದ.

ಆ ದಿನವೆಲ್ಲ ಕೂತಲ್ಲಿ ಕೂರಲಿಲ್ಲ ಅವನು. ನರ್ಸಮ್ಮ ಪಟ್ಟಿ ಕಟ್ಟಲು ಬಂದಾಗಲೆಲ್ಲ ಅವಳ ಮುಖ ನೋಡುವನು. "ಏರ್ತೇನ್ರಿ?" "ಇಲ್ರಿ ಕಾಕಾ, ಇನ್ನೂ ಇಲ್ಲ." ಹಗಲೆಲ್ಲ ಅದೇ ಪ್ರಶ್ನೆ, ಅದೇ ಉತ್ತರ. ಮಗಳ ಕೈ ಹಿಡಿದು ನೋಡಿದ. ತಣ್ಣಗಿತ್ತು. ಇಷ್ಟು ದಿನ ನಳಕ್ಕೆ ಕಿವಿ ಹಚ್ಚಿದವನು ಈಗ ಮಗಳ ಎದೆಗೆ ಕಿವಿ ಹಚ್ಚಬೇಕಾಯಿತು.

ಮರುದಿನ ಬೆಳಿಗ್ಗೆ ಕೂಸಿನ ಬಟ್ಟೆ ತರಲು ಮನೆಗೆ ಹೊರಟ. ನೀರಿನ ದಿನ. ಓಣಿಯ ಬಾಯಿಗೆ ಬರುತ್ತಿದ್ದಂತೆ ಮೋಟರುಗಳ ಕೂಗು ಕೇಳಿಸಿತು. ಅರ್ಧ ಏರಿದವನಿಗೆ ದಮ್ಮು ಹತ್ತಿತು. ಅಜ್ಜನ ಕಟ್ಟೆಯ ಮೇಲೆ ಕೂತ. ಕಟ್ಟೆ ಖಾಲಿ ಇತ್ತು. ಕಣ್ಣು ಸುಮ್ಮನೆ ಗಟಾರದ ಮೇಲೆ ಬಿತ್ತು.

ಗಟಾರದ ಕಪ್ಪು ನೀರಿನಲ್ಲಿ ಪುದೀನಾದ ಒಂದು ಒಣ ಎಲೆ ತೇಲಿಕೊಂಡು ಬಂತು. ಇಳಿಜಾರಿಗೆ ಕೆಳಗೆ ಹೋಗಬೇಕಾದ ಎಲೆ ಪೈಪಿನ ಜೋಡಣೆಯ ಹತ್ತಿರ ನಿಂತಿತು. ಒಂದು ಸುತ್ತು ಸುತ್ತಿತು. ಇನ್ನೊಂದು ಸುತ್ತು ಸುತ್ತಿತು. ಆಮೇಲೆ ತೊಟ್ಟು ಮುಂದಾಗಿ ಒಳಗೆ ಹೋಯಿತು.

ಸಾವುಕಾರ ಎದ್ದ. ಬಿಳಿ ಧೋತರದಲ್ಲೇ ಗಟಾರದ ಅಂಚಿಗೆ ಮೊಣಕಾಲೂರಿದ. ಕೊಳೆಯೊಳಗೆ ಕೈ ಹಾಕಿ ಜೋಡಣೆಯ ಬಾಯಿಗೆ ಬೆರಳು ಇಟ್ಟ. ಪೈಪು ಅವನ ಬೆರಳನ್ನು ಚೀಪಿತು. ಅವನ ಮೊಮ್ಮಗಳು ಚೀಪುವಂತೆಯೇ, ಹಾಗೆಯೇ ಮೆಲ್ಲಗೆ, ಬಿಡದೆ.

ಈಗ ಹೇಳಿ. ಕಡಿಮೆ ಎಂದರೆ ಯಾವುದಕ್ಕಿಂತ ಕಡಿಮೆ?

ಗಟಾರಕ್ಕಿಂತ ಕಡಿಮೆ. ಪೈಪಿನೊಳಗಿನ ಒತ್ತಡ ಗಟಾರದ ಒತ್ತಡಕ್ಕಿಂತ ಕಡಿಮೆಯಾಗಿತ್ತು. ನೀರು ಬಿಗಿದು ಹರಿಯುತ್ತಿದ್ದ ಕಾಲದಲ್ಲಿ ತೂತು ಇರಲಿಲ್ಲವೇ? ಇತ್ತು, ಇದೇ ತೂತು. ಆದರೆ ಆಗ ಒಳಗಿನ ಶುದ್ಧ ನೀರು ಹೊರಗೆ ಚಿಮ್ಮುತ್ತಿತ್ತು. ಚಿಮ್ಮುವ ಬಾಯಿಗೆ ಕೊಳೆ ನುಗ್ಗುವುದುಂಟೇ? ಎಲ್ಲರೂ ಎಳೆಯಲು ಶುರುಮಾಡಿದ ಮೇಲೆ ಒಳಗೆ ಬಿಗಿ ಹೋಯಿತು. ಬಿಗಿ ಹೋದ ಪೈಪು ಆ ತೂತಿನಿಂದಲೇ ಬೀದಿಯ ಕೊಳೆ ಕುಡಿಯತೊಡಗಿತು. ಸೋರಿಕೆ ನಿಂತಿರಲಿಲ್ಲ, ತಾಯಂದಿರೇ. ತಿರುಗಿತ್ತು.

ಸಾವುಕಾರ ಮನೆಗೆ ಓಡಿ ತನ್ನ ಮೋಟರ್ ಬಂದ್ ಮಾಡಿದ. ಮತ್ತೆ ಇಳಿದು ಬಂದು ಬೆರಳು ಇಟ್ಟು ನೋಡಿದ. ಪೈಪು ಚೀಪುತ್ತಲೇ ಇತ್ತು. ಒಬ್ಬ ನಿಲ್ಲಿಸಿದರೆ ಸಾಕೇ? ಕಲಿಸುವುದಕ್ಕೆ ಒಬ್ಬ ಸಾಕು. ಬಿಡಿಸುವುದಕ್ಕೆ ಎಲ್ಲರೂ ಬೇಕು. ಪಕ್ಕದ ಮನೆಗೆ ಹೋದ.

"ಮೋಟರ್ ಬಂದ್ ಮಾಡ್ರಿ, ಗಟಾರದ ನೀರು ಏರಾಕ ಹತ್ತೇತಿ."

"ನಿಮ್ಮ ಟಾಕಿ ತುಂಬ್ತೇನ್ರಿ, ಸಾವ್ಕಾರ್ರ?" ಎಂದ ಪಕ್ಕದ ಮನೆಯವನು.

ಎದುರು ಮನೆಯವಳು ಬಾಗಿಲಿಗೇ ಬರಲಿಲ್ಲ. ಒಳಗಿನಿಂದಲೇ ಹೇಳಿದಳು, "ಮೊದಲ ಅವರು ಬಂದ್ ಮಾಡ್ಲಿ, ಆಮ್ಯಾಲೆ ನಾವು." ಅವರು ಯಾರು? ಮುಂದಿನ ಮನೆಯವರು. ಮುಂದಿನ ಮನೆಯವನು ಅವನ ಧೋತರ ನೋಡಿ ನಕ್ಕ. "ಗಟಾರದಾಗ ಬಿದ್ದು ಬಂದೀರೇನ್ರಿ? ನೀವ ಕಲಿಸಿದ್ದು, ನೀವ ಬ್ಯಾಡಂತೀರಿ." ಸಾವುಕಾರ ಅವನಿಗೂ ಕೈ ಮುಗಿದು ಮುಂದೆ ನಡೆದ. ಒಂದೊಂದೇ ಮನೆ ಇಳಿಯುತ್ತಾ ಇಳಿಯುತ್ತಾ ಓಣಿಯ ಬಾಯಿಗೆ ಬಂದ.

ಆ ಹೆಣ್ಣುಮಗಳು ಬೋರಿನ ನೀರು ಹೊತ್ತು ತಂದು ಕೊಡ ಇಳಿಸುತ್ತಿದ್ದಳು.

"ತಂಗಿ, ತಾಟು ಬಾರಿಸವ್ವಾ."

ಅವಳು ಅವನ ಕೈಯ ಕೊಳೆ ನೋಡಿದಳು. "ನನ್ನ ನಳಕ್ಕ ನೀರ ಬಂದಿಲ್ರಿ ಅಣ್ಣಾರ. ಏನಂತ ಬಾರಿಸ್ಲಿ?"

"ನೀರ ಬಂತಂತ ಅಲ್ಲ. ಬಂದ್ ಮಾಡ್ರಿ ಅಂತ."

"ಕೇಳೋರು?"

"ನಾ ನಿಂದ್ರತೀನಿ. ಬಂದ್ ಆಗೂತನಾ ನಿಂದ್ರತೀನಿ. ನನ್ನ ಮಗಳು ಅಲ್ಲಿ..."

ಅವಳು ಒಳಗೆ ಹೋಗಿ ತಾಟು ತಂದಳು. ಸೆರಗಿನಿಂದ ಧೂಳು ಒರೆಸಿದಳು. ಬಾರಿಸಿದಳು. ಯಾರೂ ಬರಲಿಲ್ಲ. ಬಾರಿಸುತ್ತಾ ಏರು ಹತ್ತಿದಳು. ಎಂದೂ ತನ್ನ ಹೊಸ್ತಿಲು ಬಿಟ್ಟು ಬಾರಿಸಿದವಳಲ್ಲ. ಒಂದು ಮನೆಯ ಮುಂದೆ ನಿಲ್ಲುವಳು, ಬಾರಿಸುವಳು, ಬೈಗುಳ ಕೇಳುವಳು, ಬಾರಿಸುವಳು. ಹಿಂದೆ ಕೊಳಕು ಧೋತರದ ಸಾವುಕಾರ ಕೈ ಮುಗಿದುಕೊಂಡು. ಒಂದು ಮೋಟರ್ ನಿಂತಿತು. ನಾಚಿಕೆಗೋ, ತಲೆನೋವಿಗೋ, ದೇವರಿಗೇ ಗೊತ್ತು. ಇನ್ನೊಂದು ನಿಂತಿತು. ಆಮೇಲೆ ಮೂರ್ನಾಲ್ಕು ಒಟ್ಟಿಗೆ. ಕಡೆಯ ಮೋಟರ್ ನಿಂತಾಗ ಓಣಿಯಲ್ಲಿ ಎಂಥ ಮೌನವಾಯಿತೆಂದರೆ, ಜನ ಏನಾಯಿತೆಂದು ಹೊರಗೆ ಬಂದರು.

ಎಲ್ಲರೂ ಗಟಾರದ ಸುತ್ತ ನಿಂತರು. 

ಜೋಡಣೆಯಲ್ಲಿ ಮೊದಲು ಗುಳ್ಳೆ ಎದ್ದವು. ಆಮೇಲೆ ಕಪ್ಪು ನೀರು ಕಕ್ಕಿತು. ಎಷ್ಟೋ ಹೊತ್ತು ಕಪ್ಪು. ಆಮೇಲೆ ಕಂದು. ಆಮೇಲೆ ಗಾಜಿನಂಥ ನೀರು ಸಣ್ಣಗೆ ಚಿಮ್ಮಿ ಒಣಗಿದ ಪುದೀನಾದ ಮೇಲೆ ಬಿತ್ತು. ಸಾವುಕಾರ ಅಲ್ಲೇ ಕೂತುಬಿಟ್ಟ. ಸೋರುತ್ತಿದೆ, ಸೋರುತ್ತಿದೆ ಎಂದು ಅವನು ಅಳುವುದನ್ನು ಓಣಿ ನೋಡಿತು. ಅಂದೇ ಸಂಜೆಯೊಳಗೆ ಓಣಿಯವರೇ ಸೇರಿ ಗಟಾರ ಬಳಿದು, ಪೈಪನ್ನು ಮೇಲಕ್ಕೆ ಎತ್ತಿ ಜೋಡಣೆ ಬಿಗಿದರು. ಟಾಕಿಗಳ ನೀರನ್ನೆಲ್ಲ ಚೆಲ್ಲಿದರು.

ಸಾವುಕಾರ ದವಾಖಾನೆಗೆ ಮರಳಿದಾಗ ನರ್ಸಮ್ಮ ಪಟ್ಟಿ ಬಿಚ್ಚುತ್ತಿದ್ದಳು. ಅವನು ಕೇಳಲಿಲ್ಲ. ಅವಳೇ ಹೇಳಿದಳು, "ಏರಾಕ ಹತ್ತೇತ್ರಿ ಕಾಕಾ." ಮಗಳು ಕಣ್ಣು ತೆರೆದು ಕೂಸೆಲ್ಲಿ ಎಂದು ಕೇಳಿದಳು. ಮಗಳು ಉಳಿದಳು.

ಈಗ ನೀವೆಲ್ಲ ಉಸಿರು ಬಿಟ್ಟಿರಿ. ಇಲ್ಲಿಗೆ ಕೇಳಿಸಿತು. ಚೆನ್ನಾಯಿತು, ಬಾಣಂತಿ ಬದುಕಿದಳು, ಕಥೆ ಮುಗಿಯಿತು.

ಅಜ್ಜ?

ಬೆಂಚಿನ ಮೇಲೆ ಕೂತಿದ್ದ ಅಜ್ಜ ಏನಾದ? ಕೈ ಎತ್ತಿ ಏನು ಹೇಳಹೋದ? ನಿಮ್ಮಲ್ಲಿ ಯಾರಾದರೂ ಕೇಳಿದಿರಾ? ಸಾವುಕಾರನೂ ಕೇಳಿರಲಿಲ್ಲ. ಮಗಳು ಕಣ್ಣು ತೆರೆದ ಮೇಲೆ, ಹೆಂಡತಿ ಗಂಡನೊಡನೆ ಮೊದಲ ಮಾತು ಆಡಿದ ಮೇಲೆ, ಅವನಿಗೆ ಒಮ್ಮೆಲೇ ನೆನಪಾಗಿ ಹೊರಗಿನ ಬೆಂಚಿಗೆ ಓಡಿದ. ಬೆಂಚಿನ ಮೇಲೆ ಬೇರೆ ಯಾರೋ ಕೂತಿದ್ದರು. ಅಜ್ಜನಿಗೆ ಹಿಂದಿನ ದಿನವೇ ಪ್ರೆಷರ್ ಇಳಿದಿತ್ತು, ಮತ್ತೆ ಏರಲೇ ಇಲ್ಲ. ಅವನ ಪಕ್ಕದಲ್ಲಿ, ಏರಿತೇ ಎಂದು ಕೇಳಲು ಯಾರೂ ಇರಲಿಲ್ಲ. ಸಾವುಕಾರ ಓಣಿ ಇಳಿದು ಏರಿ ಕೈ ಮುಗಿಯುತ್ತಿದ್ದಾಗ ಕಟ್ಟೆ ಖಾಲಿ ಇತ್ತಲ್ಲ, ಅದು ಖಾಲಿಯೇ ಉಳಿಯಿತು. ಅಜ್ಜ ಕುಡಿದದ್ದು ಯಾವ ನೀರು? ಸಾವುಕಾರನ ಮನೆಯಿಂದ ದಿನಾ ಬಂದ ಧರ್ಮದ ಕೊಡ.

ನೋಡಿ, ನಮಗೆ ಬೇಕಾದವರು ಉಳಿದರೆ ಕಥೆ ಮುಗಿಯಿತು ಎನ್ನುತ್ತೇವೆ. ನಮ್ಮೊಳಗಿನ ಒತ್ತಡ ಇಳಿದಿದೆ ಎನ್ನುವುದಕ್ಕೆ ಬೇರೆ ಸಾಕ್ಷಿ ಬೇಕೇ?

ಮನೆ ಮನೆಯಲ್ಲಿ ಒಂದೇ ಕೂಗು, ನಮಗೆ ಸಾಲದು. ನೀರು ಸಾಲದು, ಪಗಾರ ಸಾಲದು, ಹೊತ್ತು ಸಾಲದು, ಪ್ರೀತಿ ಸಾಲದು. ಸಾಲದು ಎಂದ ಕೂಡಲೇ ಎಳೆಯುವುದಕ್ಕೆ ಶುರು. ಗಂಡನಿಂದ ಎಳೆ, ಸೊಸೆಯಿಂದ ಎಳೆ, ನೆರೆಯವರಿಂದ ಎಳೆ. ಎಳೆಯುವಾಗ ನಮಗಿರುವುದು ಯಾವುದಕ್ಕಿಂತ ಕಡಿಮೆ ಎಂದು ಕೇಳಿಕೊಂಡಿದ್ದೀರಾ? ಮನುಷ್ಯನೆಂದರೆ ತೂತಿಲ್ಲದ ಪೈಪಲ್ಲ. ಎಲ್ಲರಲ್ಲೂ ಎಲ್ಲೋ ಒಂದು ಜೋಡಣೆ ಸಡಿಲು. ಒಳಗೆ ತುಂಬಿದ್ದರೆ ಆ ಸಡಿಲಿನಿಂದ ನಾಲ್ಕು ಒಳ್ಳೆಯ ಮಾತು ಹೊರಗೆ ಹೋಗುತ್ತವೆ, ಯಾರದೋ ಕಟ್ಟೆಯ ಮುಂದೆ ಪುದೀನಾ ಬೆಳೆಯುತ್ತದೆ. ಒಳಗೆ ಒತ್ತಡ ಇಳಿದರೆ ಅದೇ ಸಡಿಲಿನಿಂದ ಬೀದಿಯ ಚಾಡಿ, ಬೀದಿಯ ಹೊಟ್ಟೆಕಿಚ್ಚು ಒಳಗೆ ಬರುತ್ತವೆ. ಆಮೇಲೆ ಆ ನೀರನ್ನೇ ತಾಮ್ರದ ತಂಬಿಗೆಯಲ್ಲಿ ಮಕ್ಕಳಿಗೆ ಕುಡಿಸುತ್ತೀರಿ, ಕಣ್ಣು ತುಂಬಿಕೊಂಡು, ಪ್ರೀತಿಯಿಂದಲೇ.

ನನ್ನಿಂದ ಒಂದು ಹನಿಯೂ ಹೊರಗೆ ಹೋಗುವುದಿಲ್ಲ ಎಂದು ಹಿಗ್ಗುವವರೇ, ಇವತ್ತು ಮನೆಗೆ ಹೋಗಿ ಬೆರಳು ಇಟ್ಟು ನೋಡಿ. ನಿಂತಿದೆಯೋ, ತಿರುಗಿದೆಯೋ.

ಅಲ್ಲಿ ಬಾಗಿಲ ಹತ್ತಿರ ಯಾರೋ ಎದ್ದರು. ನೀರು ಬಂದಿರಬೇಕು. ಏಳಿ, ಯಾರೂ ತಡೆಯುವುದಿಲ್ಲ. ಆದರೆ ಹೀಗೆ ಮಾಡಿ. ಕುಡಿಯುವುದಕ್ಕೆ ಒಂದು ಕೊಡ ಹಿಡಿಯಿರಿ, ನಳ ಬಂದ್ ಮಾಡಿ. ಬೀದಿಯ ಪೈಪಿಗೆ ಹಚ್ಚಿದ ಮೋಟರನ್ನು ಇವತ್ತೇ ಬಿಚ್ಚಿ ಇಡಿ. ನಿಮ್ಮ ಓಣಿಯ ಏರಿನ ಮನೆ ಯಾರದು? ಅವರಿಗೆ ನೀರು ಮುಟ್ಟಿತೇ ಎಂದು ಹೋಗಿ ಕೇಳಿ. ಮುಟ್ಟಿದ ಮೇಲೆ ನಿಮ್ಮದು. ದವಾಖಾನೆಗೆ ನಿಮ್ಮವರನ್ನು ನೋಡಲು ಹೋದಾಗ ಪಕ್ಕದ ಬೆಂಚಿನವರನ್ನೂ ಏರಿತೇ ಎಂದು ಕೇಳಿ. ಯಾರಾದರೂ ಕೈ ಎತ್ತಿದರೆ ನಿಲ್ಲಿ.

ಮತ್ತೆ, ಮನೆಯಲ್ಲಿ ತಾಟು ಇರುತ್ತದೆ. ಹೊಸ್ತಿಲಿಗೆ ಬಂದು ಬಾರಿಸಿ. ಇಲ್ಲಿ ಮಠದಲ್ಲಿ ದೀಪ ಹಚ್ಚಿಯೇ ಇರುತ್ತದೆ, ಆರತಿ ತಟ್ಟೆ ಇಲ್ಲೇ ಇರುತ್ತದೆ. ಓಣಿಯಿಂದ ತಾಟಿನ ಸಪ್ಪಳ ಕೇಳಿಸಿದ ಮೇಲೆಯೇ ಇವತ್ತು ಮಂಗಳ.